ಗೆರೆಯ ಮುಂದೆ ನಿಂತ ಬೈಕುಗಳು

ಓಡೈಪಟ್ಟಿಯ ನಮ್ಮ ದ್ರಾಕ್ಷಿ ಚಪ್ಪರದ ಕಲ್ಲುಕಂಬ ಬಿದ್ದು ನನ್ನ ಗಂಡ ರಾಮರ್ ಅವರ ಬಲಗೈ ಸತ್ತುಹೋಯಿತು. ಕೈಯ ಜೊತೆ ಮಾತೂ ಹೋಯಿತು. ನನ್ನ ಸಾರಿನಲ್ಲಿ ಉಪ್ಪಿಲ್ಲವೆಂದು ಗೊಣಗದೆ ಎದ್ದವರೇ ಅಲ್ಲ ಇವರು; ಈಗ ಬಡಿಸಿದ್ದನ್ನು ಉಂಡು ಗೋಡೆ ನೋಡುತ್ತಿದ್ದರು.

ದಿಂಡಿಗಲ್‌ನಲ್ಲಿ ಕಂಪ್ಯೂಟರ್ ಓದುವ ಮಗಳು ಯುವಶ್ರೀ ರಜೆಗೆ ಬಂದವಳು ಹಳೆಯದೊಂದು ಗೇಮ್ ಪೆಟ್ಟಿಗೆಯನ್ನು ಟಿವಿಗೆ ಸಿಕ್ಕಿಸಿದಳು. ಬೈಕ್ ಓಡಿಸುವ ಆಟ. ಆಡಲು ಎರಡೂ ಕೈ ಬೇಕು. ಅವಳು ಆಟದ ಮೂಲ ಫೈಲನ್ನೇ ಲ್ಯಾಪ್‌ಟಾಪಿನಲ್ಲಿ ಬಿಚ್ಚಿದಳು. ಅದಕ್ಕೆಂದೇ ಒಂದು ಟೂಲ್ ಇದೆಯಂತೆ. ಪರದೆ ತುಂಬ ಬರೀ ಅಂಕಿಗಳು. ಕೆಲವನ್ನು ತಿದ್ದಿ, ಗುಂಡಿಗಳ ಕೆಲಸವನ್ನೆಲ್ಲ ಎಡಗೈಗೆ ತಂದಳು.

ಇವರು ಆಡಿದರು, ಸೋತರು. ದಿನವೂ ಸೋತು ಮತ್ತೆ ಗೋಡೆಗೆ ಮುಖ ಹಾಕಿದರು. ಮಗಳಿಗೆ ತಡೆಯಲಾಗಲಿಲ್ಲ. ಅದೇ ಫೈಲನ್ನು ತೆರೆದು, ಅಪ್ಪನ ಬೈಕು ದಾಟುವವರೆಗೆ ಬೇರೆ ಯಾವುದೂ ಕೊನೆಯ ಗೆರೆ ದಾಟದ ಹಾಗೆ ಮಾಡಿದಳು.

“ಅಪ್ಪನ್ಗೆ ಹೇಳ್ಬ್ಯಾಡಮ್ಮಾ,” ಎಂದಳು.

ಗೆದ್ದ ದಿನ ಇವರಿಗೆ ಬಾಯಿ ಬಂತು. “ಲೇ ಜೆಯಂತಿ, ಎಡಗೈಯೇ ಸಾಕು ಕಣೇ! ನಾಳಿಂದ ತೋಟಕ್ಕೆ ಹೋಯ್ತೀನಿ.”

ಹೋದರು. ಎಡಗೈಯಲ್ಲಿ ಕತ್ತರಿ ಹಿಡಿದು ಬಳ್ಳಿ ಸವರಿದರು. ಮನೆಗೆ ಬಂದು, ಸಾರಿಗೆ ಉಪ್ಪಿಲ್ಲವೆಂದು ತಟ್ಟೆ ಸರಿಸಿದರು. ನಾನು ಒಲೆಯ ಮುಂದೆ ನಿಂತು ಸಂತೋಷಕ್ಕೆ ಅತ್ತೆ.

ಒಂದು ಭಾನುವಾರ ಆಟದ ನಡುವೆ ವ್ಯಾಪಾರಿಯ ಫೋನು ಬಂತು. ಆಟ ನಿಲ್ಲಿಸದೆಯೇ ಎದ್ದು ಹೋಗಿ, ತುಂಬ ಹೊತ್ತು ಮಾತಾಡಿ ಬಂದರು. ಸೋತೆನೆಂದು ಬೈದುಕೊಳ್ಳುತ್ತ ಬೈಕು ಓಡಿಸಿದರು. ಕೊನೆಯ ಗೆರೆ ಕಂಡಿತು. ಉಳಿದ ಬೈಕುಗಳೆಲ್ಲ ಅದರ ಮುಂದೆ ಸಾಲಾಗಿ ನಿಂತು ಇವರಿಗಾಗಿ ಕಾಯುತ್ತಿದ್ದವು.

ಇವರು ದಾಟಲಿಲ್ಲ.

“ಪಾಪ ಅಂತ ಗೆಲ್ಲಿಸ್ದ್ಯಾ ತಾಯಿ?” ಎಂದರು ಮಗಳಿಗೆ. ಯುವಶ್ರೀ ಅಳತೊಡಗಿದಳು. ಆಮೇಲೆ ನನ್ನತ್ತ ತಿರುಗಿದರು. “ಹಂಗಾದ್ರೆ ತೋಟ್ದಾಗೆ ನಾ ಕತ್ರಿಸಿದ್ ಬಳ್ಳೀನೂ ಯಾರು ತಿರುಗಾ ಕತ್ರಿಸ್ತಾವ್ರೆ?”

ಕೂಲಿಯಾಳು ಕರುಪ್ಪಯ್ಯ. ದಿನವೂ ಸಂಜೆ, ಇವರು ಮನೆಗೆ ಬಂದ ಮೇಲೆ. ನಾನು ಕಣ್ಣಾರೆ ಕಂಡಿದ್ದೆ. ಸುಳ್ಳು ಹೇಳಲಾಗದೆ ಅವನ ಹೆಸರು ಹೇಳಿದೆ.

ಇವರು ಸೊಂಟದ ಕತ್ತರಿ ತೆಗೆದು ನನ್ನ ಕೈಗಿಟ್ಟು, ಗೋಡೆಯ ಕಡೆ ತಿರುಗಿ ಮಲಗಿದರು.

ಅಂದಿನಿಂದ ನಾನು ಬೇಕೆಂದೇ ಸಾರಿಗೆ ಉಪ್ಪು ಹಾಕುತ್ತಿಲ್ಲ. ಸುಮ್ಮನೆ ಉಣ್ಣುತ್ತಾರೆ.