ಕಾಕುಜುನ್ ಗುರುಗಳ ತಿದ್ದುಪಡಿ

ಜಪಾನಿನ ಮಾತ್ಸುಎ ನಗರದ ಪ್ರಾಚೀನ ಸೂತ್ರಗ್ರಂಥ ಸಂಘದ ಪತ್ರಿಕೆಯ ಅರವತ್ತೆರಡು ಸಂಪುಟಗಳೂ ವಿದ್ವತ್ಪತ್ರಿಕೆಗಳ ಜಾಲತಾಣವನ್ನು ಏರಬೇಕಾಗಿತ್ತು. ಲೇಖಕರಿಂದ, ಅವರು ಗತಿಸಿದ್ದರೆ ವಾರಸುದಾರರಿಂದ, ಒಪ್ಪಿಗೆ ಬೇಕು. ಒಪ್ಪಿಗೆ ಬಾರದ ಲೇಖನದ ಜಾಗದಲ್ಲಿ ಬರಿಯ ಬಿಳಿಯ ಪುಟ ನಿಲ್ಲುವುದು ನಿಯಮ. ಸಂಘದ ಕಾರ್ಯದರ್ಶಿ ಕುರಮೋಚಿ ಸುಮಿಯೆ ಎಂಟು ವರ್ಷ ಊರೂರು ಅಲೆದು ಎಲ್ಲರ ಒಪ್ಪಿಗೆಯನ್ನೂ ಪಡೆದಿದ್ದಳು. ಉಳಿದದ್ದು ಒಂದೇ: ಗತಿಸಿದ ಅಂಝಾಯ್ ಕಾಕುಜುನ್ ಗುರುಗಳು ಸೂತ್ರದ ಹಸ್ತಪ್ರತಿಯೊಂದರ ಕಾಲದ ಬಗ್ಗೆ ಬರೆದ ಲೇಖನ. ಆ ಒಂದು ಬಿಳಿಯ ಪುಟವನ್ನು ತಪ್ಪಿಸಲೆಂದೇ ಆಕೆ ಇಂದು ಬೆಟ್ಟದ ತಪ್ಪಲಿನ ಈ ವಿಹಾರಕ್ಕೆ ಬಂದು ಚಾಪೆಯ ಮೇಲೆ ಮಂಡಿಯೂರಿ ಕುಳಿತಿದ್ದಳು.

"ಆಗಲ್ಲ ಕುರಮೋಚಿ ಅವರೇ," ಎಂದರು ವಿಹಾರದ ಗುರು ಅಂಝಾಯ್ ರ್ಯೋಕೇಯಿ. "ನಮ್ಮ ತಂದೆ ಆ ಹಸ್ತಪ್ರತಿಯ ಕಾಲ ಹೇಳೋದ್ರಲ್ಲಿ ನಾನೂರು ವರ್ಷ ಎಡವಿದ್ರು. ಪಂಡಿತರೆಲ್ಲ ನಕ್ಕಿದ್ದು ಸಾಲದಾ? ಇನ್ನು ಲೋಕವೇ ಕೂತಲ್ಲೇ ನೋಡಿ ನಗಬೇಕಾ?"

"ತಪ್ಪಿದೆ ಅಂತ ಮುಚ್ಚಿಡೋದಾದ್ರೆ ಅರ್ಧ ಪತ್ರಿಕೆನೇ ಮುಚ್ಚಬೇಕಾಗುತ್ತೆ ಗುರುಗಳೇ. ನಂದೇ ಮೂರು ಲೇಖನ ಹೋಗುತ್ತೆ."

ಗುರುಗಳು ನಗಲಿಲ್ಲ. ಸುಮಿಯೆ ತಂದಿದ್ದ ಮುದ್ರಿತ ಹಾಳೆಗಳನ್ನು ಅವರ ಮುಂದೆ ಹರಡಿದಳು. ಪಕ್ಕದಲ್ಲಿ ಪರ್ಸಿಮನ್ ಹಣ್ಣಿನ ಸಿಪ್ಪೆ ಸುಲಿಯುತ್ತಿದ್ದ ಅವರ ತಾಯಿ, ಎಂಬತ್ತೆಂಟರ ತೋಕಿಯೆ, ಕತ್ತು ಚಾಚಿ ನೋಡಿದರು.

"ಚೀಟಿ ಎಲ್ಲಿದೆಯಮ್ಮಾ?"

"ಯಾವ ಚೀಟಿ?"

"ಇದರ ಮುಂದಿನ ಸಂಚಿಕೆಯೊಳಗೆ ಸಿಕ್ಕಿಸಿದ್ದು. ಮುನ್ನೂರು ಪ್ರತಿಗೂ ನಾನೇ ಒಂದೊಂದಾಗಿ ಸಿಕ್ಕಿಸಿದೆ. ಇವನು ಹೊಟ್ಟೇಲಿದ್ದ, ಬಗ್ಗೋಕೂ ಬಿಡ್ತಿರಲಿಲ್ಲ. ಆಗಿಂದಲೂ ಇವನದು ಹಟವೇ!"

ಸುಮಿಯೆಯ ಮುಖ ಬಿಳಿಚಿತು. ಛಾಯಾಪ್ರತಿ ತೆಗೆಸಿದ್ದು ಗ್ರಂಥಾಲಯದ ರಟ್ಟು ಕಟ್ಟಿದ ಸಂಪುಟಗಳಿಂದ. ರಟ್ಟು ಕಟ್ಟುವವರು ಬಿಡಿ ಹಾಳೆಗಳನ್ನು ತೆಗೆದೆಸೆಯುವುದು ವಾಡಿಕೆ. ಅದನ್ನು ಬಲ್ಲವಳಾಗಿಯೂ ಆಕೆ ಎಂಟು ವರ್ಷದಲ್ಲಿ ಒಮ್ಮೆಯೂ ಬಿಡಿ ಸಂಚಿಕೆಗಳೊಡನೆ ಹೋಲಿಸಿ ನೋಡಿರಲಿಲ್ಲ.

"ಹಾಗಾದ್ರೆ ನಾನೂ ಎಡವಿದ್ದೀನಿ," ಎಂದಳು ಮೆಲ್ಲನೆ.

ತೋಕಿಯೆ ಒಳಗೆ ಹೋಗಿ ಪೆಟ್ಟಿಗೆಯಿಂದ ಹಳದಿಗಟ್ಟಿದ ಸಂಚಿಕೆಯೊಂದನ್ನು ತಂದರು. ನಡುವಿನಿಂದ ಅಂಗೈಯಗಲದ ಚೀಟಿಯೊಂದು ಜಾರಿತು. ಮಗನೇ ಅದನ್ನು ಎತ್ತಿಕೊಂಡು ಗಟ್ಟಿಯಾಗಿ ಓದಿದರು:

"ಕಾಗದದ ನಾರನ್ನು ಮತ್ತೆ ಪರೀಕ್ಷಿಸಿದೆ. ನನ್ನ ನಿರ್ಣಯ ತಪ್ಪು; ಈ ಪ್ರತಿ ನಾನು ಹೇಳಿದ್ದಕ್ಕಿಂತ ನಾನೂರು ವರ್ಷ ಈಚಿನದು. ಓದುಗರು ನನ್ನ ಹಿಂದಿನ ಮಾತನ್ನು ಆಧರಿಸಬಾರದು. ಅಂಝಾಯ್ ಕಾಕುಜುನ್."

ಗುರುಗಳು ಸಂಚಿಕೆಯನ್ನು ಮಗುಚಿ ಅದರ ಮೇಲಿನ ತಾರೀಖು ನೋಡಿದರು.

"ಆ ಪಂಡಿತರು ನಕ್ಕು ಬರೆದಿದ್ದು ಲೇಖನ ಬಂದು ಎರಡು ವರ್ಷದ ಮೇಲೆ," ಎಂದರು. "ಅಷ್ಟರೊಳಗೆ ನಮ್ಮ ತಂದೆ ತಾವೇ ತಿದ್ದಿಕೊಂಡಿದ್ರು! ಅಮ್ಮಾ, ಇಷ್ಟು ವರ್ಷ ಯಾಕೆ ಹೇಳಲಿಲ್ಲ?"

"ನೀನು ಯಾವತ್ತು ಕೇಳಿದ್ದೆ? ಅವರ ಹೆಸರೆತ್ತಿದ್ರೆ ಎದ್ದು ಹೋಗ್ತಿದ್ದೆಯಲ್ಲೋ."

"ಜಾಲತಾಣದಲ್ಲಿ ಲೇಖನದ ಹಾಗೇ ಈ ಚೀಟಿಗೂ ಸ್ವಂತ ಗುರುತಿನ ಸಂಖ್ಯೆ ಕೊಡಿಸ್ತೀನಿ," ಎಂದಳು ಸುಮಿಯೆ. "ಲೇಖನ ತೆರೆದವರಿಗೆಲ್ಲ ಇದರ ಕೊಂಡಿ ಮೊದಲು ಕಾಣುತ್ತೆ. ಮಿಕ್ಕ ಸಂಪುಟಗಳಲ್ಲೂ ಇಂಥವು ಉದುರಿಹೋಗಿರಬಹುದು. ಎಲ್ಲಾ ಮತ್ತೆ ತೆರೀತೀನಿ."

"ಮತ್ತೆ ಎಂಟು ವರ್ಷವಾ?" ಎಂದರು ಗುರುಗಳು.

"ಆಗಲಿ ಬಿಡಿ. ತನ್ನ ತಪ್ಪನ್ನ ತಾನೇ ಅಚ್ಚು ಹಾಕಿಸಿದ ಪತ್ರಿಕೆ ನಮ್ಮದು. ಅದಕ್ಕೆ ಅಷ್ಟೂ ದುಡೀದಿದ್ರೆ ಹೇಗೆ?"

ಅಂಝಾಯ್ ಗುರುಗಳು ಒಪ್ಪಿಗೆಯ ಪತ್ರವನ್ನು ಎಳೆದುಕೊಂಡು ಬೆನ್ನು ನೆಟ್ಟಗೆ ಮಾಡಿ ಕುಳಿತರು. ಲೇಖನಗಳೆಷ್ಟು ಎಂದಿದ್ದ ಕಡೆ ಸುಮಿಯೆ ಮೊದಲೇ ಬರೆದು ತಂದಿದ್ದ 'ಒಂದು' ಎಂಬುದನ್ನು ಹೊಡೆದುಹಾಕಿ, ಕುಂಚದಿಂದ ದಪ್ಪಕ್ಷರದಲ್ಲಿ 'ಎರಡು' ಎಂದು ಬರೆದು, ಮನೆತನದ ಮುದ್ರೆಯನ್ನು ಒತ್ತಿದರು.