ಹನ್ನೊಂದು ಜನರಲ್ಲಿ ಏಳನೆಯವನು

ನಾನು ಓದು ಕಲಿತದ್ದು ನಲವತ್ತೆಂಟನೆಯ ವಯಸ್ಸಿನಲ್ಲಿ, ರಾತ್ರಿ ಶಾಲೆಯಲ್ಲಿ. ಹಗಲೆಲ್ಲ ಕೂಲಿ ಮಾಡಿ ಬಂದು ತೂಕಡಿಸುವವರನ್ನು ಎಚ್ಚರವಾಗಿಡಲು ನಮ್ಮ ಮೇಷ್ಟ್ರು ಒಂದು ಉಪಾಯ ಮಾಡಿದ್ದರು. ಎಲ್ಲರೂ ಗಟ್ಟಿಯಾಗಿ ಓದಬೇಕು. ಯಾರ ದನಿ ನಿಂತಿತೋ ಅವರು ನಿದ್ದೆ ಹೋಗಿದ್ದಾರೆಂದೇ ಅರ್ಥ. ಅದರಿಂದ ನನಗೊಂದು ಊನ ಉಳಿದುಹೋಯಿತು. ಬಾಯಿ ಮುಚ್ಚಿಕೊಂಡು ಓದಲು ನನಗೆ ಬರುವುದಿಲ್ಲ. ಬಸ್ಸಿನ ಬೋರ್ಡನ್ನೂ ಕೂಗಿಯೇ ಓದುತ್ತೇನೆ. ಅಕ್ಷರ ಕಣ್ಣಿಗೆ ಬಿದ್ದರೆ ಸಾಲದು, ಕಿವಿಗೂ ಬೀಳಬೇಕು. ಆಮೇಲೆಯೇ ಅದೇನೆಂದು ತಿಳಿಯುವುದು.

ಕಡಹಿನಬೈಲಿನ ಗಣಪಯ್ಯನವರ ಅಡಿಕೆ ಚಪ್ಪರದಲ್ಲಿ ಈ ಊನವೇ ಉಪಯೋಗಕ್ಕೆ ಬಂತು. ಮಣಿಕಟ್ಟಿನ ನೋವಿನಿಂದ ನನಗೆ ಮೆಟ್ಟುಗತ್ತಿಯಲ್ಲಿ ಮೊದಲಿನ ಹಾಗೆ ಅಡಿಕೆ ಸುಲಿಯಲಾಗುತ್ತಿರಲಿಲ್ಲ. ಉಳಿದವರೇ ಒಂದು ಮಾತು ಆಡಿಕೊಂಡರು: ಚಿಕ್ಕಕ್ಕ ಪುಸ್ತಕ ಓದಲಿ, ನಾವು ಒಬ್ಬೊಬ್ಬರೂ ಸುಲಿದ ಅಡಿಕೆಯಲ್ಲಿ ಒಂದೊಂದು ಬೊಗಸೆ ಅವಳ ಬುಟ್ಟಿಗೆ ಹಾಕೋಣ. ಆದರೆ ಅವರಿಗೆ ಎಲ್ಲ ಪುಸ್ತಕವೂ ಆಗುತ್ತಿರಲಿಲ್ಲ.

"ಪ್ರೀತಿ ಪ್ರೇಮದ್ದು ಬೇಡ ಮಾರಾಯ್ತಿ, ಕೈ ನಿಂತು ಹೋಗ್ತದೆ," ಎನ್ನುತ್ತಿದ್ದ ಬುಟ್ಟಿ ಹೊರುವ ಸುಬ್ಬಪ್ಪ. "ಕೊಲೆ ಇದ್ರೆ ನೋಡು, ಮೆಟ್ಟುಗತ್ತಿ ತಾನಾಗೇ ಓಡ್ತದೆ."

ಹಾಗಾಗಿ ಕಳ್ಳರು, ಕೊಲೆಗಡುಕರು, ಪತ್ತೇದಾರರ ಪುಸ್ತಕವನ್ನೇ ನಾನು ನರಸಿಂಹರಾಜಪುರದಿಂದ ತರುತ್ತಿದ್ದೆ. ಎರಡು ಸಾವಿರದ ಆರನೇ ಇಸವಿಯ ಕೊಯ್ಲಿನಲ್ಲಿ ಲೈಬ್ರರಿಯ ಹರಿಹರ ಒಂದು ತೆಳ್ಳನೆಯ ಪುಸ್ತಕ ಕೊಟ್ಟ.

"ಇದು ಕಟ್ಟುಕತೆ ಅಲ್ಲ ಅಜ್ಜಿ. ಜೈಲಿಂದ ಹೊರಗೆ ಬಂದ ಹನ್ನೊಂದು ಜನ ತಮ್ಮ ತಮ್ಮ ಕತೆ ಹೇಳಿದಾರೆ. ಯಾರೋ ಬರ್ಕೊಂಡು ಅಚ್ಚು ಹಾಕ್ಸಿದಾರೆ. ಹೆಸರು ಮಾತ್ರ ಇಲ್ಲ, ಒಂದನೆಯವನು, ಎರಡನೆಯವನು ಅಂತ ಹಾಕಿದಾರೆ."

ಬೇಡವೆನ್ನಬೇಕಿತ್ತು. ನನ್ನ ತಮ್ಮ ಚೋಮನೂ ಜೈಲಿನಿಂದ ಬಂದವನೇ.

ಅದಕ್ಕೂ ಹದಿನೈದು ವರ್ಷದ ಹಿಂದೆ ನಮ್ಮ ಕೇರಿಯ ಮಾರಪ್ಪ ಒನಕೆಯ ಪೆಟ್ಟು ತಿಂದು ಸತ್ತ. ಅವನ ಹೆಂಡತಿ ಕರಿಯಕ್ಕ ಮಗು ಎತ್ತಿಕೊಂಡು ಹಳ್ಳಕ್ಕೆ ಹೋಗಿದ್ದಾಗ ಆದದ್ದು ಎಂದರು. ಆ ಹೊತ್ತಿಗೆ ನಮ್ಮ ಹೊಸ್ತಿಲ ಮೇಲೆ ಚೋಮ ಒನಕೆ ಹಿಡಿದು ಕೂತಿದ್ದ, ಅಂಗಿಯೆಲ್ಲ ರಕ್ತ. ನಾನೇ ಮಾಡಿದ್ದು ಎಂದು ಪೊಲೀಸರಿಗೆ ಹೇಳಿದ. ನಾನು ಕೋರ್ಟಿನಲ್ಲಿ ಕಂಡದ್ದನ್ನು ಕಂಡ ಹಾಗೆ ಹೇಳಿದೆ. ಅವನಿಗೆ ಹದಿನಾಲ್ಕು ವರ್ಷ ಜೈಲಾಯಿತು. ಒಂದು ಸಲವೂ ನೋಡಲು ಹೋಗಲಿಲ್ಲ. ಜೈಲಿನಿಂದ ಕಾಗದ ಬಂದರೆ ಒಡೆಯದೆ ಪೋಸ್ಟಿನವನ ಕೈಗೇ ವಾಪಸು ಕೊಡುತ್ತಿದ್ದೆ. ಮೂರು ತಿಂಗಳ ಕೂಸಿನ ತಂದೆಯನ್ನು ಕೊಂದವನ ಕಾಗದ ನನಗೇಕೆ?

ಕೊಲೆ ಮಾಡಿದವನು ಮರಳಿ ಬಂದರೆ ಸತ್ತವನ ಮನೆಯವರು ಒಂದು ತಂಬಿಗೆ ನೀರು ಕೊಡಬೇಕು, ಕೊಟ್ಟರೆ ಮಾತ್ರ ಅವನು ಒಳಗೆ ಬರಬಹುದು. ಅದು ನಮ್ಮ ಕೇರಿಯ ನಡಾವಳಿ. ನಾನು ಪುಸ್ತಕ ತಂದ ವರ್ಷವೇ ಫೆಬ್ರವರಿಯಲ್ಲಿ ಚೋಮ ಬಿಡುಗಡೆಯಾಗಿ ಬಂದು ಕೇರಿಯ ಹೊರಗೆ ನಿಂತ. ಕರಿಯಕ್ಕ ಬಾಗಿಲು ಹಾಕಿಕೊಂಡಳು. ಅವಳ ಮಗಳು ಶಾಲಿನಿ, ಆಗ ಹತ್ತನೇ ಕ್ಲಾಸು, ಅವನ ಮುಂದೆ ಹೋಗಿ ಕ್ಯಾಕರಿಸಿ ಉಗಿದಳು. ನಾನೂ ಹೊರಗೆ ಬರಲಿಲ್ಲ. ಕಮ್ಮರಡಿಯಲ್ಲಿ ಮರ ಕೊಯ್ಯುವ ಸಾಮಿಲ್ಲಿನಲ್ಲಿ ಕೆಲಸಕ್ಕಿದ್ದಾನೆ ಎಂದು ಆಮೇಲೆ ಕೇಳಿದೆ.

ಇಷ್ಟಿದ್ದೂ ಪುಸ್ತಕ ಏಕೆ ತಂದೆ? ಜೈಲಿನಿಂದ ಬಂದವರು ಏನು ಉಣ್ಣುತ್ತಾರೆ, ಎಲ್ಲಿ ಮಲಗುತ್ತಾರೆ ಎಂದು ತಿಳಿಯುವ ಆಸೆ ಎಲ್ಲೋ ಒಳಗಿತ್ತು. ಅದನ್ನು ಯಾರಿಗೂ ಹೇಳಿರಲಿಲ್ಲ.

ಮೊದಲ ಆರು ಜನರ ಕತೆ ಮೂರು ದಿನದಲ್ಲಿ ಮುಗಿಯಿತು. ಒಬ್ಬನಿಗೆ ಹೊರಗೆ ಬಂದ ಮೇಲೆ ಬಾಗಿಲು ತಾನೇ ತೆಗೆಯಬೇಕೆಂಬುದು ಮರೆತುಹೋಗಿತ್ತಂತೆ. ಯಾರಾದರೂ ತೆಗೆಯಲಿ ಎಂದು ಹೋಟೆಲಿನ ಬಾಗಿಲ ಮುಂದೆ ನಿಂತೇ ಇದ್ದನಂತೆ.

"ನಮ್ಮ ಗಣಪಯ್ಯನೋರ ಎಮ್ಮೆ ಹಾಗೆ," ಎಂದ ಸುಬ್ಬಪ್ಪ. ಎಲ್ಲರೂ ನಕ್ಕರು. ಕರಿಯಕ್ಕ ಮಾತ್ರ ತಲೆ ಎತ್ತಲಿಲ್ಲ. ಅವಳು ನಗುವುದೇ ಕಡಿಮೆ.

ನಾಲ್ಕನೆಯ ದಿನ ಮಧ್ಯಾಹ್ನ, ಊಟ ಮುಗಿಸಿ ಮತ್ತೆ ಕೂತಾಗ ಏಳನೆಯವನ ಕತೆ ತೆಗೆದೆ. ನಾವು ಆರು ಜನ ಹೆಂಗಸರು, ಸುಬ್ಬಪ್ಪ ಒಬ್ಬ. ಶಾಲಿನಿ ತಾಯಿಯ ಪಕ್ಕದಲ್ಲೇ ಇದ್ದಳು.

"'ನಮ್ಮ ಊರು ಭದ್ರಾ ಹಿನ್ನೀರಿಗೆ ಹತ್ತಿರ,'" ಎಂದು ಓದಿದೆ.

"ಹೋ, ನಮ್ಮ ಕಡೆಯವನೇ!" ಎಂದಳು ಶಾಲಿನಿ.

"'ನಮ್ಮ ಮನೆಯ ಎದುರು ಒಬ್ಬನಿದ್ದ. ಕುಡಿದು ಬಂದ ದಿನ ಒಲೆಯ ಮೇಲಿನ ಅನ್ನವನ್ನು ಅಂಗಳಕ್ಕೆ ಚೆಲ್ಲುತ್ತಿದ್ದ. ಹೆಂಡತಿ ಮಂಡಿಯೂರಿ ಒಂದೊಂದೇ ಅಗುಳು ಆರಿಸಬೇಕು. ಒಂದು ಉಳಿದರೂ ಒದೆ.'"

ಚಪ್ಪರದಲ್ಲಿದ್ದ ಮೆಟ್ಟುಗತ್ತಿಗಳಲ್ಲಿ ಒಂದೂ ಸದ್ದು ಮಾಡಲಿಲ್ಲ. ಅನ್ನ ಚೆಲ್ಲಿ ಅಗುಳು ಆರಿಸುವ ಹಾಗೆ ಮಾಡುತ್ತಿದ್ದ ಗಂಡಸು ನಮಗೆ ಗೊತ್ತಿದ್ದದ್ದು ಒಬ್ಬನೇ. ಶಾಲಿನಿಗೆ ಮಾತ್ರ ಗೊತ್ತಿರಲಿಲ್ಲ. ತಂದೆಯನ್ನು ಕಳೆದುಕೊಂಡ ಹುಡುಗಿಗೆ ಅದನ್ನೆಲ್ಲ ಯಾರು ಹೇಳುತ್ತಾರೆ?

ಮುಂದೇನಿದೆ ಎಂದು ನೋಡಿಕೊಂಡು ನಿಲ್ಲಿಸಬೇಕು, ಇಲ್ಲವೇ ದಾಟಿಸಬೇಕು. ಆದರೆ ನೋಡಿಕೊಳ್ಳುವುದು ಹೇಗೆ? ಕಣ್ಣು ಸಾಲಿನ ಮೇಲೆ ಹೋದದ್ದೇ ತಡ, ಬಾಯಿ ತಾನಾಗಿ ನುಡಿಯಿತು:

"'ಅವತ್ತು ಅವಳು ಆರಿಸುತ್ತಿದ್ದಾಗ ಅಡಿಕೆ ಹಾಳೆಯ ಮೇಲೆ ಮಲಗಿಸಿದ್ದ ಕೂಸು ಅತ್ತಿತು. ಅವನು ಕೂಸನ್ನು ಒದೆಯಲು ಕಾಲೆತ್ತಿದ. ಅವಳ ಕೈಗೆ ಒನಕೆ ಸಿಕ್ಕಿತು. ಒಂದೇ ಪೆಟ್ಟು. ನಾನು ಬೇಲಿ ದಾಟಿ ಬರುವಷ್ಟರಲ್ಲಿ...'"

ಅಲ್ಲಿಗೆ ನನ್ನ ದನಿ ಸತ್ತುಹೋಯಿತು. ಪುಸ್ತಕ ಮಡಿಲಿಗೆ ಬಿತ್ತು. ಹದಿನೈದು ವರ್ಷ ನಾನು ನೋಡಿದ್ದು ಅಂಗಿಯ ಮೇಲಿನ ರಕ್ತವನ್ನು ಮಾತ್ರ.

"ಎಂತ ಆಯ್ತು ಅಜ್ಜಿ? ಓದಿ," ಎಂದಳು ಶಾಲಿನಿ.

"ಕಣ್ಣು ಮಂಜಾಗ್ತದೆ. ನಾಳೆ ಓದನ ಮಗಾ."

"ಕೊಡಿ, ನಾನು ಓದ್ತೆ."

"ಬೇಡ!" ಎಂದು ಕಿರುಚಿದೆ. ಜೀವಮಾನದಲ್ಲಿ ನಾನು ಆ ಹುಡುಗಿಯ ಮೇಲೆ ದನಿ ಏರಿಸಿದವಳಲ್ಲ. ಅವಳು ಬೆಚ್ಚಿ ನನ್ನ ಮುಖ ನೋಡಿದಳು, ಆಮೇಲೆ ಉಳಿದವರದ್ದು. ಎಲ್ಲರೂ ಅವಳ ತಾಯಿಯನ್ನೇ ನೋಡುತ್ತಿದ್ದರು.

ಕರಿಯಕ್ಕನ ಕೈಯಲ್ಲಿ ಅರ್ಧ ಸುಲಿದ ಅಡಿಕೆ ಇತ್ತು. ಅವಳು ಅದನ್ನು ಕೆಳಗಿಟ್ಟಳು.

"ಕೊಡು ಚಿಕ್ಕಕ್ಕ, ಓದ್ಲಿ," ಎಂದಳು. "ನನ್ ಬಾಯಲ್ಲಿ ಬರ್ಲಿಲ್ಲ. ಪುಸ್ತಕದಲ್ಲಾದ್ರೂ ಬಂತಲ್ಲ."

ಶಾಲಿನಿ ಪುಸ್ತಕ ತೆಗೆದುಕೊಂಡಳು. ತುಟಿ ಅಲುಗಿಸದೆ ಓದಿದಳು. ಇಸ್ಕೂಲಿನಲ್ಲಿ ಕಲಿತವರು ಹಾಗೆಯೇ ಓದುವುದು. ಪುಟ ತಿರುಗಿಸಿದಳು, ಇನ್ನೊಂದು ತಿರುಗಿಸಿದಳು. ಒಳಗೆ ಏನೇನು ಬರೆದಿದೆಯೋ ನಮಗೆ ಯಾರಿಗೂ ತಿಳಿಯಲಿಲ್ಲ; ಅವಳು ಮುಗಿಸುವ ತನಕ ಕಾದೆವು.

ಮುಗಿಸಿ ಅವಳು ಕೇಳಿದ್ದು ಒಂದೇ.

"ಅವ್ವಾ, ಅವತ್ತು ನಂಗೆ ಪೆಟ್ಟು ಬಿತ್ತಾ?"

"ಇಲ್ಲ. ಬೀಳಕ್ಕೆ ಬಿಡ್ಲಿಲ್ಲ."

ಶಾಲಿನಿ ಎದ್ದು ಚಪ್ಪರದ ಹೊರಗೆ ಹೋಗಿ ವಾಂತಿ ಮಾಡಿಕೊಂಡಳು. ಕರಿಯಕ್ಕ ಹಿಂದೆಯೇ ಹೋಗಿ ಅವಳ ಹಣೆ ಹಿಡಿದುಕೊಂಡಳು. ಹುಡುಗಿ ಕೈ ಕೊಡವಲಿಲ್ಲ. ಅದೊಂದನ್ನು ನಾನು ಗಮನಿಸಿದೆ.

ಒಳಗೆ ಸುಬ್ಬಪ್ಪ ಬುಟ್ಟಿ ಎತ್ತಿ ತಲೆಗಿಟ್ಟುಕೊಂಡ.

"ನಂಗೆ ಒಂದು ತಿಂಗ್ಳಿಂದ ಕಿವಿ ಮಂದ ಕಣ್ರೇ," ಎಂದ. "ನಿಮಗೆ?"

"ನಂಗೂ ಹಾಂಗೇ," ಎಂದಳೊಬ್ಬಳು. ಉಳಿದವರು ತಲೆ ಆಡಿಸಿದರು.

ಮಾರನೇ ದಿನ ಬೆಳಗ್ಗೆ ಎರಡು ಬಸ್ಸು ಹತ್ತಿ ಇಳಿದು ಕಮ್ಮರಡಿ ಸೇರಿದೆ. ಸಾಮಿಲ್ಲಿನ ಹಿಂದೆ ಚೋಮ ಮರದ ಹೊಟ್ಟು ತುಂಬುತ್ತಿದ್ದ. ಕೂದಲೆಲ್ಲ ಬೆಳ್ಳಗಾಗಿತ್ತು. ನನ್ನನ್ನು ಕಂಡು ಸಲಿಕೆ ಹಿಡಿದುಕೊಂಡೇ ನಿಂತ.

"ಎಂತ ಅಕ್ಕಾ? ಯಾರಾದ್ರೂ ಸತ್ರಾ?"

ನಾನು ಪುಸ್ತಕ ತೋರಿಸಿದೆ. ನಡೆದದ್ದನ್ನೆಲ್ಲ ಹೇಳಿದೆ. ಅವನಿಗೆ ಸಂತೋಷವಾಗುತ್ತದೆ, ಒಂದು ಕ್ಷಣವಾದರೂ ಅಳುತ್ತಾನೆ, ನಾನು ಅವನ ಕಾಲು ಹಿಡಿಯಬಹುದು ಎಂದು ಬಸ್ಸಿನುದ್ದಕ್ಕೂ ಎಣಿಸಿಕೊಂಡು ಬಂದಿದ್ದೆ. ಅವನು ಸಲಿಕೆಯನ್ನು ನೆಲಕ್ಕೆ ಎಸೆದ.

"ಆ ಹುಡುಗಿ ಎದುರು ಓದಿದ್ಯಾ? ಗಟ್ಟಿಯಾಗಿ? ಅವಳಿಗೆ ತಿಳೀಬಾರ್ದು ಅಂತ್ಲೇ ಅಲ್ದನೇ ನಾನು ಅಷ್ಟು ವರ್ಷ ಅಲ್ಲಿ ಕೂತಿದ್ದು!"

"ಹಾಗಾದ್ರೆ ನೀನ್ಯಾಕೆ ಅಚ್ಚು ಹಾಕಕ್ಕೆ ಹೇಳ್ದೆ?"

"ನಮ್ಮ ಕೇರೀಲಿ ಓದೋರು ಯಾರಿದ್ರು? ಅಲ್ಲೇ ಓದು ಬರಹ ಕಲ್ತು ನಿಂಗೆ ಒಂಬತ್ತು ಕಾಗದ ಬರ್ದೆ. ಒಂಬತ್ತೂ ಒಡೀದೆ ವಾಪಸ್ ಬಂತು. ಅಕ್ಕಂಗೆ ಅಕ್ಷರ ಗೊತ್ತಿಲ್ಲ, ಓದಿ ಹೇಳೋರೂ ಯಾರೂ ಇಲ್ಲ ಅಂತ ತಿಳ್ಕಂಡೆ. ಯಾರಾದ್ರೂ ಒಬ್ಬರ ಹತ್ರ ಹೇಳ್ಬೇಕಿತ್ತು ಅಕ್ಕಾ. ಗುರ್ತಿಲ್ಲದೋರು ಓದ್ಕಂಡ್ರೆ ಯಾರಿಗೇನು ಅಂತ ಹೇಳಿಬಿಟ್ಟೆ."

ಮರ ಕೊಯ್ಯುವ ಸದ್ದಿನಲ್ಲಿ ಅವನ ಕೊನೆಯ ಮಾತು ಅರ್ಧ ಕೇಳಿಸಿತು, ಅರ್ಧ ತುಟಿಯಲ್ಲಿ ಕಂಡಿತು. ನಾನು ಅಲ್ಲೇ ಒಂದು ದಿಮ್ಮಿಯ ಮೇಲೆ ಕೂತೆ. ಅವನು ಜೈಲಿಗೆ ಹೋದ ಮೇಲೆ ನಾನು ರಾತ್ರಿ ಶಾಲೆಗೆ ಸೇರಿದ್ದು ಅವನಿಗೆ ಗೊತ್ತಿರಲಿಲ್ಲ; ಆ ಒಂಬತ್ತು ಕಾಗದಗಳು ಬಂದಾಗಲೂ ನನಗೆ ಓದಲು ಬರುತ್ತಿತ್ತು. ಅದನ್ನು ಅವನಿಗೆ ಹೇಳಲೇಬೇಕಿತ್ತು. ಹೇಳಿದೆ.

ಅವನು ಬಯ್ಯಲಿಲ್ಲ.

"ಹುಡುಗಿ ಎಂತ ಅಂದ್ಲು?" ಎಂದು ಕೇಳಿದ.

"ನಂಗೆ ಪೆಟ್ಟು ಬಿತ್ತಾ ಅಂತ ಕೇಳಿದ್ಲು."

ಚೋಮ ಮುಖ ಆಚೆ ತಿರುಗಿಸಿಕೊಂಡ. ಬೆನ್ನು ಅಲುಗುವುದು ಕಂಡಿತು.

"ಬಾ ಮಾರಾಯ, ಮನೆಗೆ ಹೋಗನ," ಎಂದೆ. "ಕರಿಯಕ್ಕ ನೀರು ಕೊಡ್ತಾಳೆ. ಅವಳೇ ಹೇಳಿ ಕಳ್ಸಿದಾಳೆ."

"ಕೊಟ್ರೆ ಊರೆಲ್ಲ ಕೇಳ್ತದೆ. ಇಷ್ಟು ದಿನ ಕೊಡದೋಳು ಇವತ್ತು ಯಾಕೆ ಕೊಟ್ಲು ಅಂತ. ಆರು ಜನರ ಬಾಯಿ ಮುಚ್ಚಬಹುದು, ಊರಿನ ಬಾಯಿ ಮುಚ್ಚಕ್ಕೆ ಆಗ್ತದಾ? ಆಮೇಲೆ ಪೊಲೀಸ್ರು. ನಾನು ಇಲ್ಲೇ ಇದ್ರೆ ಕೊಂದೋನು ನಾನೇ. ಹಾಗೇ ಇರ್ಲಿ."

"ಸಾಯೋ ತನಕಾನಾ?"

ಅವನು ಪುಸ್ತಕವನ್ನು ನನ್ನ ಕೈಯಿಂದ ತೆಗೆದುಕೊಂಡು ಪಕ್ಕದಲ್ಲಿ ಉರಿಯುತ್ತಿದ್ದ ಹೊಟ್ಟಿನ ಒಲೆಗೆ ಹಾಕಿದ. ಲೈಬ್ರರಿಯದ್ದು ಅದು ಎನ್ನಲು ನನಗೆ ಬಾಯಿ ಬರಲಿಲ್ಲ. ಒಳಗಿನಿಂದ ಯಾರೋ ಅವನ ಹೆಸರು ಕೂಗಿದರು. ಸಲಿಕೆ ಎತ್ತಿಕೊಂಡು ನಾಲ್ಕು ಹೆಜ್ಜೆ ಹೋದವನು ನಿಂತ.

"ಭಾನುವಾರ ಮಿಲ್ಲು ರಜ," ಎಂದ. "ಬರೋದಾದ್ರೆ ಭಾನುವಾರ ಬಾ. ಕೂತು ಮಾತಾಡಬಹುದು."