ಗಡಿಗೆಯ ಹುಳಿ

"ಅದರಾಗ ಕೈ ಹಾಕಬ್ಯಾಡ," ಎಂದಳು ಅಜ್ಜಿ ಪದ್ಮವ್ವ.

ಆಮ್ರಪಾಲಿ ಕೈ ಹಿಂದಕ್ಕೆ ತೆಗೆದುಕೊಂಡಳು. ಅವಳ ಅಜ್ಜ ಯಲ್ಲಾರಿ ತೀರಿಕೊಂಡು ಅಂದಿಗೆ ಮೂರನೆಯ ದಿನ. ಅವನು ದಿನಾ ಉಂಡ ಅಂಬಲಿ ಗಡಿಗೆಯನ್ನು ಇನ್ನು ಸ್ವಲ್ಪ ಹೊತ್ತಿಗೆ ಮಸಗುಪ್ಪಿಯ ಊರಾಚೆ ಒಯ್ದು ಒಡೆಯಬೇಕು. ಮನೆಯವರು ಬೌದ್ಧರಾಗಿ, ಹಳೆಯ ಶಾಸ್ತ್ರಗಳನ್ನು ಬಿಟ್ಟು ಇಪ್ಪತ್ತು ವರ್ಷವಾಗಿತ್ತು. ಆದರೂ ಗಡಿಗೆಯ ವಿಷಯದಲ್ಲಿ ಅಜ್ಜಿ ಯಾರ ಮಾತಿಗೂ ಸೊಪ್ಪು ಹಾಕುವವಳಲ್ಲ.

"ಆಯಿ, ಒಂದ ಚಮಚಾ ಸಾಕು. ನನ್ನ ಎರಡ ವರ್ಷದ ಕೆಲಸ ಇದರಾಗ ಐತಿ."

"ಒಂದ ಹನಿ ಉಳದ್ರೂ ಹೋದಾಂವ ಹೋಗೂದಿಲ್ಲವ್ವಾ. ಹುಳಿ ಹುಡುಕ್ಕೋತ ಮನಿಗೆ ಬರ್ತಾನ."

ಆಮ್ರಪಾಲಿಗೆ ನಗು ಬರಬೇಕಿತ್ತು, ಬರಲಿಲ್ಲ. ಇವತ್ತು ತಳದಲ್ಲಿ ಉಳಿಸಿದ ಹುಳಿಯಿಂದ ನಾಳಿನ ಅಂಬಲಿ, ಹೀಗೆ ನಲವತ್ತು ವರ್ಷ ಆ ಗಡಿಗೆಯಲ್ಲಿ ಒಂದು ಯೀಸ್ಟು ಬದುಕಿಕೊಂಡು ಬಂದಿತ್ತು. ತಾನು ಸಂಶೋಧನೆ ಮಾಡುವ ಗೋಕಾಕದ ಲ್ಯಾಬಿನಲ್ಲಿ ಅದನ್ನು ಪರೀಕ್ಷಿಸಿ ಅವಳು ಬೆಚ್ಚಿದ್ದಳು. ಹುಲ್ಲಿನಿಂದ ಆನೆಯವರೆಗೆ ಜೀವಿಗಳೆಲ್ಲ ವಂಶವಾಹಿಯ ಸಂಕೇತಗಳನ್ನು ಹೆಚ್ಚುಕಡಿಮೆ ಒಂದೇ ರೀತಿ ಓದಿ ಪ್ರೋಟೀನು ಕಟ್ಟುತ್ತವೆ. ಕೆಲವು ಯೀಸ್ಟುಗಳು ಮಾತ್ರ ಒಂದು ಸಂಕೇತವನ್ನು ತಮ್ಮದೇ ರೀತಿಯಲ್ಲಿ ಓದುತ್ತವೆ. ಅಜ್ಜಿಯ ಯೀಸ್ಟು ಯಾವ ರೀತಿಗೂ ನಿಲ್ಲುತ್ತಿರಲಿಲ್ಲ. ಒಂದೇ ಕೋಶದೊಳಗೆ ಅದೇ ಸಂಕೇತವನ್ನು ಒಮ್ಮೆ ಲ್ಯೂಸಿನ್ ಎಂಬ ಅಮೈನೊ ಆಮ್ಲವೆಂದು ಓದುತ್ತಿತ್ತು, ಮರುಗಳಿಗೆ ಸೆರಿನ್ ಎಂಬ ಇನ್ನೊಂದೆಂದು. ಇಂಥ ಗೊಂದಲದಲ್ಲಿ ಸಾಯಬೇಕಾಗಿದ್ದ ಜೀವ ಹಾಯಾಗಿ ಬದುಕಿತ್ತು. ಕಳೆದ ವಾರ ಲ್ಯಾಬಿನ ಫ್ರಿಜ್ಜು ಕೆಟ್ಟು ಮಾದರಿಗಳೆಲ್ಲ ಹಾಳಾದವು. ಅವಳಿಗೆ ತಿಳಿದ ಮಟ್ಟಿಗೆ ಈಗ ಅದು ಉಳಿದದ್ದು ಈ ಗಡಿಗೆಯಲ್ಲಿ ಮಾತ್ರ. ಇದೂ ಹೋದರೆ ಅವಳ ಮಾತನ್ನು ಯಾರೂ ನಂಬುವ ಹಾಗಿರಲಿಲ್ಲ.

ಪದ್ಮವ್ವ ಸೆರಗು ಸರಿಮಾಡಿಕೊಂಡು ನೀರು ತರಲು ಹಿತ್ತಲಿಗೆ ಹೋದಳು. ಆಮ್ರಪಾಲಿ ಗಡಬಡಿಸಿ ಒಂದು ಚಮಚ ಹುಳಿಯನ್ನು ಗಾಜಿನ ಕೊಳವೆಗೆ ತುಂಬಿ ಬ್ಯಾಗಿನಲ್ಲಿ ಅಡಗಿಸಿದಳು. ಇದು ಕಳ್ಳತನವೆಂದು ಅವಳಿಗೆ ಚೆನ್ನಾಗಿ ಗೊತ್ತಿತ್ತು. ಊರಾಚೆ ಗಡಿಗೆ ಒಡೆದಾಗ ಅಜ್ಜಿ ಹಗುರಾಗಿ ಉಸಿರು ಬಿಟ್ಟಳು. ಅದನ್ನು ನೋಡಿ ಮೊಮ್ಮಗಳಿಗೆ ನಾಚಿಕೆಯಾಯಿತು.

ನಾಲ್ಕು ದಿನದ ಮೇಲೆ ಲ್ಯಾಬಿನಲ್ಲಿ ಕೊಳವೆಯೊಳಗೆ ನೊರೆಯೇರಿತು. ಯೀಸ್ಟು ಬದುಕಿತ್ತು. ಆಮ್ರಪಾಲಿ ಅದನ್ನು ಬೆಳಕಿಗೆ ಹಿಡಿದು ಹಿಗ್ಗುತ್ತಿದ್ದಾಗ ಅಜ್ಜಿಯ ಫೋನು ಬಂತು.

"ಗಡಿಗಿ ಪೂರಾ ಒಡದೈತೇನ?"

"ಒಡದೈತಿ ಆಯಿ. ನೀನ ನೋಡಿದೆಲ್ಲಾ."

"ನೋಡೇನಿ. ಮತ್ತ ನಿಮ್ಮ ಮುತ್ಯಾ ಯಾಕ ಒಲಿ ಬಾಜೂಕ ಕುಂತಾನ?"

ಅಜ್ಜ ತೀರಿಕೊಂಡು ವಾರವಾಗಿತ್ತು. ಆಮ್ರಪಾಲಿ ಕೊಳವೆಯನ್ನು ಕೆಳಗಿಟ್ಟಳು. "ಅವ್ವಗ ಕಾಣಾಕತ್ತಾನೇನು?" ಎಂದು ಕೇಳಿದಳು.

"ನಿಮ್ಮವ್ವಗ ಕಾಣೂದಿಲ್ಲ. ನನಗೂ ಒಮ್ಮೆ ನೋಡಿದ್ರ ಅದಾನ, ಇನ್ನೊಮ್ಮೆ ನೋಡಿದ್ರ ಇಲ್ಲ. ಮುಂಜಾನಿಂದ ಬಟ್ಟಲಾ ಹಿಡಕೊಂಡ ಕುಂತಾನ." ಪದ್ಮವ್ವನ ದನಿಯಲ್ಲಿ ಹೆದರಿಕೆ ಇರಲಿಲ್ಲ. ನೆಂಟರು ಹೊತ್ತಲ್ಲದ ಹೊತ್ತಿನಲ್ಲಿ ಬಂದಾಗಿನ ದಣಿವಷ್ಟೇ ಇತ್ತು. "ಏನ ಹಾಕ್ಲಿ ಹೇಳು. ಮನ್ಯಾಗ ಒಂದ ಹನಿ ಹುಳಿ ಇಲ್ಲ."

ಕೊಳವೆಯಲ್ಲಿ ಗುಳ್ಳೆಗಳು ಮೇಲೇಳುತ್ತಿದ್ದವು. ಇದೆಲ್ಲ ದುಃಖದ ಭ್ರಮೆ ಎಂದು ಹೇಳಲು ಅವಳು ಬಾಯಿ ತೆರೆದಳು. ಆಮೇಲೆ ಕೊಳವೆಯ ಮುಚ್ಚಳ ಬಿಗಿದಳು.

"ನನ್ನ ಕಡೆ ಐತಿ ಆಯಿ," ಎಂದಳು ಕಡೆಗೆ. "ನಾ ತರ್ತೇನಿ."

ಫೋನಿನ ಆ ತುದಿಯಲ್ಲಿ, ಯಾರೋ ಬಟ್ಟಲನ್ನು ಮೆಲ್ಲಗೆ ನೆಲಕ್ಕಿಟ್ಟ ಸದ್ದು ಕೇಳಿಸಿತು.